ಶಾಸಕ ಸ್ಥಾನಕ್ಕೆ ಎರಡೇ ಅವಧಿ ಎಂಬ ಮಿತಿ ಬೇಕೇ?

ಸರಸ್ವತಿಪುರಂ ಮೇಷ್ಟ್ರು:
ಒಬ್ಬ ವ್ಯಕ್ತಿ ಹತ್ತು ವರ್ಷ ಮೀರಿ ಶಾಸಕನಾಗಿಯೋ ಸಂಸದನಾಗಿಯೋ ಇರಬಾರದು ಎಂಬ ನಿಯಮ ನಮ್ಮಲ್ಲಿ ಬರಬೇಕು ಎಂಬುದು ನನ್ನ ಖಚಿತ ಅಭಿಪ್ರಾಯ. ಅದನ್ನು ಇಲ್ಲಿ ಚರ್ಚೆಗೆ ಇಡುತ್ತಿದ್ದೇನೆ. ವಿಧಾನಸಭೆಯ ಅವಧಿ ಐದು ವರ್ಷ ಎಂದು ನಮ್ಮ ಸಂವಿಧಾನ ಹೇಳಿದೆ, ಸ್ಪರ್ಧಿಸುವವರಿಗೆ 25 ವರ್ಷ ತುಂಬಿರಬೇಕು ಎಂದೂ ಹೇಳಿದೆ. ಎಷ್ಟು ಬಾರಿ ಆಯ್ಕೆಯಾಗಬಹುದು ಎಂಬುದಕ್ಕೆ ಮಾತ್ರ ಗಡಿ ಹಾಕಿಲ್ಲ. ಅಮೆರಿಕದಲ್ಲಿ 1951ರ 22ನೇ ತಿದ್ದುಪಡಿಯ ಪ್ರಕಾರ ಯಾರೂ ಎರಡಕ್ಕಿಂತ ಹೆಚ್ಚು ಬಾರಿ ಅಧ್ಯಕ್ಷರಾಗಿ ಆಯ್ಕೆಯಾಗುವಂತಿಲ್ಲ, ಮತ್ತು ಅಲ್ಲಿನ 16 ರಾಜ್ಯಗಳು ತಮ್ಮ ಶಾಸಕರಿಗೂ ಇಂಥ ಮಿತಿ ವಿಧಿಸಿಕೊಂಡಿವೆ. ನಮ್ಮಲ್ಲಿ ಒಂದು ಕ್ಷೇತ್ರ ಒಬ್ಬರ ಹೆಸರಿಗೆ ಬಿತ್ತೆಂದರೆ ಅವರಿರುವ ತನಕ ಅವರು, ಅವರ ನಂತರ ಅವರ ಮನೆಯವರು. ಇಪ್ಪತ್ತೈದರ ಹರೆಯದಲ್ಲಿ ಪಕ್ಷದ ಬಾವುಟ ಕಟ್ಟಲು ಬಂದ ಹುಡುಗ ಐವತ್ತು ದಾಟಿದರೂ ಬಾವುಟ ಕಟ್ಟುತ್ತಲೇ ಇರುತ್ತಾನೆ.

ಹುಣಸೂರಿನ ಉಪನ್ಯಾಸಕ:
ಮೇಷ್ಟ್ರೇ, ನಿಮ್ಮ ಸಂಕಟ ನನ್ನದೂ ಹೌದು, ಆದರೆ ನೀವು ಸೂಚಿಸುವ ಪರಿಹಾರವನ್ನು ಒಪ್ಪಲಾರೆ. ನಮ್ಮೂರಿನ ದೇವರಾಜ ಅರಸು ಅವರನ್ನೇ ನೆನೆಯಿರಿ. 1941ರಲ್ಲಿ ಮೈಸೂರು ಪ್ರಜಾಪ್ರತಿನಿಧಿ ಸಭೆಗೆ ಬಂದವರು, 1952ರಿಂದ ಹುಣಸೂರಿನ ಶಾಸಕರು. ನಿಮ್ಮ ನಿಯಮ ಅಂದು ಇದ್ದಿದ್ದರೆ 1962ಕ್ಕೇ ಅವರು ಸದನ ಬಿಡಬೇಕಾಗುತ್ತಿತ್ತು, 1972ರಲ್ಲಿ ಮುಖ್ಯಮಂತ್ರಿಯಾಗುವ ಮಾತೇ ಇರುತ್ತಿರಲಿಲ್ಲ. ಹಿಂದುಳಿದ ವರ್ಗಗಳಿಗಾಗಿ ಹಾವನೂರು ಆಯೋಗವನ್ನು ನೇಮಿಸಿದ್ದು, 1974ರ ಮಾರ್ಚ್ 1ರಿಂದ ಜಾರಿಗೆ ಬಂದ ಭೂಸುಧಾರಣಾ ತಿದ್ದುಪಡಿಯಿಂದ ಗೇಣಿದಾರನನ್ನು ಉಳುವ ಭೂಮಿಯ ಒಡೆಯನನ್ನಾಗಿ ಮಾಡಿದ್ದು, ಇವೆರಡೂ ಒಳ್ಳೆಯ ಮನಸ್ಸೊಂದರಿಂದಲೇ ಆಗುವ ಕೆಲಸಗಳಾಗಿರಲಿಲ್ಲ. ಸದನದಲ್ಲಿ ಯಾರು ಯಾವ ಜಿಲ್ಲೆಯ ಭೂಮಾಲೀಕರ ಪರ ನಿಲ್ಲುತ್ತಾರೆ, ಯಾರನ್ನು ಯಾವಾಗ ಒಲಿಸಿಕೊಳ್ಳಬೇಕು, ಯಾರ ವಿರೋಧವನ್ನು ಎದುರಿಸಿಯೇ ಮುಂದೆ ಹೋಗಬೇಕು ಎಂಬುದನ್ನು ದಶಕಗಳ ಕಾಲ ಹತ್ತಿರದಿಂದ ನೋಡಿ ಕಲಿತವರಿಗೆ ಮಾತ್ರ ಅದು ಸಾಧ್ಯವಿತ್ತು.

ಅಮೆರಿಕದ ಅನುಭವವನ್ನೂ ಪೂರ್ತಿ ನೋಡಬೇಕು. ಕ್ಯಾಲಿಫೋರ್ನಿಯಾದಲ್ಲಿ 1990ರಲ್ಲಿ ಜನಮತದಿಂದ ಮಿತಿ ಬಂದಾಗ ಅದರ ಮುಖ್ಯ ಗುರಿ 1980ರಿಂದ ಸಭಾಧ್ಯಕ್ಷರಾಗಿದ್ದ ವಿಲ್ಲಿ ಬ್ರೌನ್. ಅವರು ಸದನ ಬಿಟ್ಟರು, 1996ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದ ಮೇಯರ್ ಆದರು. ಮಿಷಿಗನ್ 1992ರಲ್ಲಿ ಕೆಳಮನೆಗೆ ಜೀವಮಾನದಲ್ಲಿ ಆರೇ ವರ್ಷ ಎಂಬ ಕಠಿಣ ಮಿತಿ ಹಾಕಿತು. ಕಾನೂನು ಮಾಡುವುದನ್ನು ಕಲಿಯುವಷ್ಟರಲ್ಲಿ ಶಾಸಕರು ಹೊರಡಬೇಕಾಗುತ್ತದೆ ಎಂಬ ದೂರು ಬೆಳೆದು, 2022ರಲ್ಲಿ ಅಲ್ಲಿನ ಮತದಾರರೇ ಅದನ್ನು ಎರಡೂ ಮನೆಗಳಿಗೆ ಸೇರಿ 12 ವರ್ಷ ಎಂದು ಬದಲಿಸಿದರು. ಇಡಾಹೊ 2002ರಲ್ಲಿ, ಯೂಟಾ 2003ರಲ್ಲಿ ಮಿತಿಯನ್ನು ರದ್ದುಪಡಿಸಿದವು.

ಪಾಂಡವಪುರದ ಕಬ್ಬು ಬೆಳೆಗಾರ:
ನಾನು ಕಾವೇರಿಯ ಒಂದೇ ವಿಷಯ ಹೇಳುತ್ತೇನೆ. ನ್ಯಾಯಮಂಡಳಿ ರಚನೆಯಾದದ್ದು 1990ರಲ್ಲಿ, ಮಧ್ಯಂತರ ಆದೇಶ ಬಂದದ್ದು 1991ರಲ್ಲಿ, ಅಂತಿಮ ತೀರ್ಪು 2007ರಲ್ಲಿ. ಸುಪ್ರೀಂ ಕೋರ್ಟ್ ನಮ್ಮ ಪಾಲನ್ನು 14.75 ಟಿಎಂಸಿ ಹೆಚ್ಚಿಸಿ 284.75 ಟಿಎಂಸಿಗೆ ನಿಲ್ಲಿಸಿದ್ದು 2018ರ ಫೆಬ್ರವರಿಯಲ್ಲಿ. ಇಪ್ಪತ್ತೆಂಟು ವರ್ಷ ನಡೆದ ವ್ಯಾಜ್ಯ ಇದು. ನಾಲೆಗೆ ನೀರು ನಿಂತಾಗ ನಾವು ರಸ್ತೆಗೆ ಇಳಿಯುತ್ತೇವೆ, ಆದರೆ ಕಡತದಲ್ಲಿ ಏನಿದೆ, ಹಿಂದಿನ ಸರ್ಕಾರ ಎಲ್ಲಿ ಏನು ಒಪ್ಪಿಕೊಂಡಿತ್ತು, 1924ರ ಒಪ್ಪಂದದಲ್ಲಿ ಯಾವ ಮಾತಿದೆ ಎಂಬುದನ್ನು ತಿಳಿದು ಸದನದಲ್ಲಿ ಎದ್ದು ನಿಂತು ಮಾತಾಡುವವರು ಬೇಕು. ಪ್ರತಿ ಹತ್ತು ವರ್ಷಕ್ಕೊಮ್ಮೆ ಹೊಸಬರು ಬಂದರೆ ಅಧಿಕಾರಿ ಬರೆದುಕೊಟ್ಟದ್ದನ್ನು ಓದಿ ಕೂರುತ್ತಾರೆ. ಕಿರುಗಾವಲಿನಿಂದ ಹಲವು ಬಾರಿ ಶಾಸಕರಾಗಿದ್ದ ಜಿ. ಮಾದೇಗೌಡರು ಕಾವೇರಿ ಹೋರಾಟದ ಮುಂದಾಳಾಗಿದ್ದಾಗ ಅವರ ಮಾತಿಗೆ ಇದ್ದ ತೂಕ ಒಂದೆರಡು ವರ್ಷದಲ್ಲಿ ಬಂದದ್ದಲ್ಲ.

ಬೇಡವಾದವರನ್ನು ಕಳಿಸುವುದು ನಮಗೆ ಗೊತ್ತು. 2018ರಲ್ಲಿ ಜಿಲ್ಲೆಯ ಏಳೂ ಕ್ಷೇತ್ರಗಳನ್ನು ಜೆಡಿಎಸ್‌ಗೆ ಕೊಟ್ಟ ಮಂಡ್ಯದ ಮತದಾರರು 2023ರಲ್ಲಿ ಅದಕ್ಕೆ ಉಳಿಸಿದ್ದು ಒಂದನ್ನು. ಅದೇ 2018ರಲ್ಲಿ ಮುಖ್ಯಮಂತ್ರಿಯಾಗಿದ್ದ ಸಿದ್ದರಾಮಯ್ಯನವರನ್ನೇ ಚಾಮುಂಡೇಶ್ವರಿ ಕ್ಷೇತ್ರ ಸೋಲಿಸಿತು.

ಸರಸ್ವತಿಪುರಂ ಮೇಷ್ಟ್ರು:
ಸೋಲಿಸುವ ಶಕ್ತಿ ಇದೆ, ಒಪ್ಪಿದೆ. ಆದರೆ ಸೋತವರ ಜಾಗಕ್ಕೆ ಬಂದವರು ಯಾರು? 2023ರಲ್ಲಿ ನಾಗಮಂಗಲ, ಶ್ರೀರಂಗಪಟ್ಟಣ, ಮಳವಳ್ಳಿಗಳಲ್ಲಿ ಗೆದ್ದವರು ಹಿಂದೆಯೂ ಶಾಸಕರಾಗಿದ್ದವರೇ. ಮತದಾರನ ಮುಂದೆ ಇರುವ ಪಟ್ಟಿಯೇ ಹಳೆಯದಾದಾಗ ಅವನ ಆಯ್ಕೆ ಎಷ್ಟು ದೊಡ್ಡದು? ಅರಸು ಅವರಂಥವರನ್ನು ಕಳೆದುಕೊಳ್ಳುವ ಭಯ ನನಗೂ ಇದೆ. ಆದರೆ ಒಬ್ಬ ಅರಸು ಅವರಿಗಾಗಿ ಉಳಿದ ನೂರಾರು ಜನರನ್ನು ಮೂವತ್ತು ವರ್ಷ ಸಹಿಸಿಕೊಳ್ಳಿ ಎನ್ನುವುದು ನ್ಯಾಯವಲ್ಲ. ಕೇರಳದಲ್ಲಿ 2021ರಲ್ಲಿ ಸಿಪಿಎಂ ಸತತ ಎರಡು ಬಾರಿ ಗೆದ್ದವರಿಗೆ ಟಿಕೆಟ್ ಇಲ್ಲ ಎಂದು ನಿರ್ಧರಿಸಿ, ಹಣಕಾಸು ಸಚಿವ ಥಾಮಸ್ ಐಸಾಕ್ ಅವರನ್ನೂ ಕಣದಿಂದ ಹೊರಗಿಟ್ಟಿತು. ಆದರೂ ಅವರ ಮೈತ್ರಿಕೂಟ 140ರಲ್ಲಿ 99 ಸ್ಥಾನ ಗೆದ್ದಿತು. ಹಳಬರು ಹೋದರೆ ಪಕ್ಷ ಕುಸಿಯುತ್ತದೆ ಎಂಬುದು ಹಳಬರು ಹೇಳುವ ಮಾತು.

ಮಂಡ್ಯದ ವಕೀಲೆ:
ಮೇಷ್ಟ್ರೇ, ಕೇರಳದಲ್ಲಿ ಆದದ್ದು ಪಕ್ಷದ ಶಿಸ್ತು, ಕಾನೂನಲ್ಲ. ಮನಸ್ಸು ಮಾಡಿದರೆ ನಮ್ಮ ಪಕ್ಷಗಳೂ ನಾಳೆಯೇ ಹಾಗೆ ಮಾಡಬಹುದು. ಕಾನೂನಿನ ದಾರಿಯ ವಿಷಯಕ್ಕೆ ಬಂದರೆ, ಶಾಸಕರ ಅನರ್ಹತೆಗಳನ್ನು ಹೇಳುವ 191ನೇ ವಿಧಿ ಹೊಸ ಅನರ್ಹತೆ ಸೇರಿಸುವ ಅಧಿಕಾರವನ್ನು ಸಂಸತ್ತಿನ ಕಾನೂನಿಗೆ ಕೊಟ್ಟಿದೆ. ಆದ್ದರಿಂದ ವಿಧಾನಸೌಧ ಬಯಸಿದರೂ ತನ್ನ ಸದಸ್ಯರಿಗೆ ತಾನೇ ಮಿತಿ ಹಾಕಿಕೊಳ್ಳಲು ಬರುವುದಿಲ್ಲ. ಪಂಚಾಯಿತಿಗಳ ಸಂಗತಿ ಬೇರೆ. 243ಎಫ್ ವಿಧಿಯ ಪ್ರಕಾರ ಅಲ್ಲಿನ ಅನರ್ಹತೆಗಳನ್ನು ರಾಜ್ಯದ ಶಾಸಕಾಂಗವೇ ನಿರ್ಧರಿಸಬಹುದು, ಮತ್ತು ಹರಿಯಾಣ ಅದನ್ನೇ ಬಳಸಿ ತಂದ ಎರಡು ಮಕ್ಕಳ ನಿಯಮವನ್ನು 2003ರಲ್ಲಿ, ಕನಿಷ್ಠ ವಿದ್ಯಾರ್ಹತೆಯ ನಿಯಮವನ್ನು 2015ರಲ್ಲಿ ಸುಪ್ರೀಂ ಕೋರ್ಟ್ ಎತ್ತಿಹಿಡಿಯಿತು. ನನ್ನ ಆತಂಕ ಇಲ್ಲಿದೆ. ಮಿತಿ ಬೇಕೆಂಬ ಕೂಗು ಜೋರಾದರೆ ಶಾಸಕರು ಅದನ್ನು ತಮ್ಮ ಕೆಳಗಿನ ಪಂಚಾಯಿತಿ ಸದಸ್ಯರ ಮೇಲೆ ಹೇರಿ, ಕೆಲಸ ಆಯಿತು ಎನ್ನುತ್ತಾರೆ.

ಮಾನಸಗಂಗೋತ್ರಿಯ ವಿದ್ಯಾರ್ಥಿನಿ:
ವಕೀಲರು ಹೇಳಿದ ಆತಂಕ ಅರ್ಧ ನಿಜವಾಗಿಯೇ ಇದೆ, ಅದನ್ನು ನಾವು ಮೈಸೂರಿನಲ್ಲೇ ಕಂಡಿದ್ದೇವೆ. ನಮ್ಮ ಮಹಾನಗರ ಪಾಲಿಕೆಯ ಮೇಯರ್‌ಗೆ ಇರುವುದು ಒಂದೇ ವರ್ಷ. ಒಳಚರಂಡಿಯ ನಕ್ಷೆ, ಕಸದ ಗುತ್ತಿಗೆ, ನೀರಿನ ಬಾಕಿ ಇವು ಅರ್ಥವಾಗುವ ಹೊತ್ತಿಗೆ ಮುಂದಿನ ಮೇಯರ್‌ನ ಮೀಸಲಾತಿಯ ಮಾತು ಶುರುವಾಗಿರುತ್ತದೆ. ಆ ಒಂದು ವರ್ಷದಲ್ಲಿ ನಗರವನ್ನು ನಿಜವಾಗಿ ನಡೆಸುವವರು ಆಯುಕ್ತರು. 2023ರ ನವೆಂಬರ್‌ನಲ್ಲಿ 65 ವಾರ್ಡ್‌ಗಳ ಪರಿಷತ್ತಿನ ಅವಧಿಯೇ ಮುಗಿದು ಆಡಳಿತಾಧಿಕಾರಿ ಬಂದಾಗ ಎಷ್ಟೋ ಜನರಿಗೆ ವ್ಯತ್ಯಾಸವೇ ತಿಳಿಯಲಿಲ್ಲ. ಚುನಾಯಿತರ ಕಾಲವನ್ನು ಕಡಿತಗೊಳಿಸಿದರೆ ಅಧಿಕಾರ ಜನರ ಕೈಗೆ ಬರುವುದಿಲ್ಲ, ಎಂದೂ ಚುನಾವಣೆಗೆ ನಿಲ್ಲದವರ ಕೈಗೆ ಹೋಗುತ್ತದೆ.

ಗ್ರಾಮ ಪಂಚಾಯಿತಿಯಲ್ಲಿ ಇದರಿಂದ ಪೆಟ್ಟು ತಿನ್ನುವವರು ಹೆಂಗಸರು. ಅಲ್ಲಿ ಅಧ್ಯಕ್ಷೆಗೆ 30 ತಿಂಗಳು. ಮೀಸಲಾತಿಯ ಸರದಿ ಬದಲಾದಾಗ ಅವಳ ಕ್ಷೇತ್ರವೂ ಸಾಮಾನ್ಯಕ್ಕೆ ಹೋಗಬಹುದು. ಮೊದಲು ಗಂಡ ಹೇಳಿದಲ್ಲಿ ಸಹಿ ಹಾಕುತ್ತಿದ್ದವಳು ಎರಡು ವರ್ಷ ಕಳೆದು ಕಡತವನ್ನು ತಾನೇ ಓದಿ, ಪಿಡಿಒ ಅವರನ್ನು ಪ್ರಶ್ನಿಸುವ ಧೈರ್ಯ ಬೆಳೆಸಿಕೊಂಡ ದಿನವೇ ಮನೆಗೆ ಹೋಗಬೇಕಾಗುತ್ತದೆ. ಇಂಥವರಿಗೆ ಎರಡನೆಯ, ಮೂರನೆಯ ಅವಕಾಶ ಸಿಗಬೇಕೆಂಬುದು ನನ್ನ ಬೇಡಿಕೆ. 2023ರ 106ನೇ ತಿದ್ದುಪಡಿಯಂತೆ ವಿಧಾನಸಭೆಯಲ್ಲಿ ಮೂರನೇ ಒಂದರಷ್ಟು ಸ್ಥಾನ ಮಹಿಳೆಯರಿಗೆ ಬರುವಾಗ, ಬಂದವರನ್ನು ಹತ್ತೇ ವರ್ಷಕ್ಕೆ ಕಳಿಸುವ ನಿಯಮವೂ ಜೊತೆಗೇ ಬಂದರೆ ಯಾರಿಗೆ ಲಾಭ ಎಂಬುದನ್ನು ಮೇಷ್ಟ್ರು ಯೋಚಿಸಬೇಕು.

ಮದ್ದೂರಿನ ಸಹಕಾರಿ:
ಮಿತಿ ಈಗಾಗಲೇ ಇರುವ ಒಂದು ಜಾಗವಿದೆ. ಸಹಕಾರಿ ಬ್ಯಾಂಕುಗಳ ನಿರ್ದೇಶಕರು ಸತತ ಎಂಟು ವರ್ಷಕ್ಕಿಂತ ಹೆಚ್ಚು ಇರುವಂತಿಲ್ಲ ಎಂದು ಬ್ಯಾಂಕಿಂಗ್ ನಿಯಂತ್ರಣ ಕಾಯ್ದೆಯ 2020ರ ತಿದ್ದುಪಡಿಯ ಮೂಲಕ ಬಂತು. 2025ರಲ್ಲಿ ಅದನ್ನು ಹತ್ತು ವರ್ಷಕ್ಕೆ ಏರಿಸಿದರು. ನಾನು ಅದರ ಪರ. ಏಕೆಂದರೆ ಸಾಲ ಮಂಜೂರು ಮಾಡುವ ಕೈ ಅದು, ಯಾರಿಗೆ ಕೊಟ್ಟೆ ಯಾರಿಗೆ ಬಿಟ್ಟೆ ಎಂಬ ಋಣ ವರ್ಷ ವರ್ಷ ಬೆಳೆಯುತ್ತದೆ. ಶಾಸಕ ಮಾಡುವುದು ಕಾನೂನು, ಒಬ್ಬನೇ ಮಾಡುವುದೂ ಅಲ್ಲ. ಹಣ ಮತ್ತು ಮಂಜೂರಾತಿ ಇರುವ ಕಡೆ ಮಿತಿ ಇರಲಿ, ಮಾತು ಮತ್ತು ಮತ ಇರುವ ಕಡೆ ಬೇಡ.

ಸರಸ್ವತಿಪುರಂ ಮೇಷ್ಟ್ರು:
ಸಹಕಾರಿ ಮಿತ್ರರು ಹಾಕಿದ ಗೆರೆ ಸರಿಯಾಗಿದೆ, ಆದರೆ ನಮ್ಮ ಶಾಸಕರು ಆ ಗೆರೆಯ ಯಾವ ಕಡೆ ಇದ್ದಾರೆ ಎಂಬುದನ್ನು ಇನ್ನೊಮ್ಮೆ ನೋಡಬೇಕು. ತಾಲ್ಲೂಕಿನ ಬಗರ್ ಹುಕುಂ ಸಕ್ರಮೀಕರಣ ಸಮಿತಿಯ ಅಧ್ಯಕ್ಷರು ಶಾಸಕರು. ಯಾರ ಸಾಗುವಳಿ ಸಕ್ರಮವಾಗಬೇಕು ಎಂಬುದು ಅವರ ಮುಂದೆ ತೀರ್ಮಾನವಾಗುತ್ತದೆ. ಆಶ್ರಯ ಸಮಿತಿಯೂ ಅವರದೇ, ಅಂದರೆ ಯಾರಿಗೆ ನಿವೇಶನ, ಯಾರಿಗೆ ಮನೆ ಎಂಬುದೂ ಅವರ ಕೈಯಲ್ಲಿ. ಪ್ರದೇಶಾಭಿವೃದ್ಧಿ ನಿಧಿಯ ವರ್ಷಕ್ಕೆ ಎರಡು ಕೋಟಿ ರೂಪಾಯಿ ಯಾವ ಊರಿನ ಸಮುದಾಯ ಭವನಕ್ಕೆ ಹೋಗಬೇಕೆಂದು ಸೂಚಿಸುವವರು ಅವರು. ಮೇಯರ್ ಆಯ್ಕೆಯಲ್ಲಿ ಅವರಿಗೆ ಮತವಿದೆ. ಪೊಲೀಸ್ ಇನ್‌ಸ್ಪೆಕ್ಟರ್‌ನಿಂದ ಹಿಡಿದು ಗ್ರಾಮ ಆಡಳಿತಾಧಿಕಾರಿಯವರೆಗೆ ವರ್ಗಾವಣೆಗೆ ಅವರ ಶಿಫಾರಸು ಪತ್ರ ಬೇಕು ಎಂಬುದನ್ನು ನಮ್ಮ ಮೈಸೂರು, ಮಂಡ್ಯ ಜಿಲ್ಲೆಗಳಲ್ಲಿ ತಿಳಿಯದವರಿಲ್ಲ. ಇಂಥ ವ್ಯಕ್ತಿಯನ್ನು ಕೇವಲ ಕಾನೂನು ಮಾಡುವವರು ಎಂದು ಕರೆಯಲು ನನಗೆ ಮನಸ್ಸು ಒಪ್ಪುವುದಿಲ್ಲ. ಇಪ್ಪತ್ತು ವರ್ಷ ಈ ಎಲ್ಲವನ್ನೂ ಒಬ್ಬರೇ ಹಿಡಿದುಕೊಂಡರೆ ಎದುರಾಳಿ ಹುಟ್ಟುವುದಾದರೂ ಹೇಗೆ? ಪಟ್ಟಾ ಬೇಕಾದ ಮನುಷ್ಯ ಎದುರು ಪಕ್ಷದ ಸಭೆಗೆ ಹೋಗುವುದಕ್ಕೂ ಅಂಜುತ್ತಾನೆ.

ಹುಣಸೂರಿನ ಉಪನ್ಯಾಸಕ:
ಇದು ಬಲವಾದ ವಾದ, ಆದರೆ ಇದರಿಂದ ಸಿದ್ಧವಾಗುವುದು ಬೇರೆಯೇ ನಿರ್ಣಯ. ತೊಂದರೆ ವರ್ಷಗಳ ಎಣಿಕೆಯಲ್ಲಿಲ್ಲ, ಸಮಿತಿಯ ಕುರ್ಚಿಯಲ್ಲಿದೆ. ಎರಡು ಅವಧಿ ಮುಗಿಸಿದ ಶಾಸಕರು ಅದೇ ಕುರ್ಚಿಯಲ್ಲಿ ಪತ್ನಿಯನ್ನೋ ಮಗನನ್ನೋ ಕೂರಿಸಿದರೆ ನಿಮ್ಮ ಮಿತಿಗೆ ಏನು ಬೆಲೆ? ಫಿಲಿಪ್ಪೀನ್ಸ್ 1987ರ ಸಂವಿಧಾನದಲ್ಲಿ ಕೆಳಮನೆಯ ಸದಸ್ಯರಿಗೆ ಸತತ ಮೂರು ಅವಧಿಯ ಮಿತಿ ಹಾಕಿತು. ಅಲ್ಲಿ ಮನೆತನಗಳು ಒಂದು ಸ್ಥಾನವನ್ನು ಅಣ್ಣನಿಂದ ತಮ್ಮನಿಗೆ, ಗಂಡನಿಂದ ಹೆಂಡತಿಗೆ ದಾಟಿಸುತ್ತ ಇಂದಿಗೂ ಆಳುತ್ತಿವೆ. ಮನೆತನದ ರಾಜಕಾರಣವನ್ನು ನಿಷೇಧಿಸಬೇಕೆಂದು ಅದೇ ಸಂವಿಧಾನ ಹೇಳಿದ್ದರೂ ಅದಕ್ಕೆ ಬೇಕಾದ ಕಾನೂನನ್ನು ಅಲ್ಲಿನ ಸಂಸತ್ತು ಮಾಡಿಲ್ಲ.

ಮಂಡ್ಯದ ವಕೀಲೆ:
ಕುರ್ಚಿಯ ಮಾತು ಬಂದದ್ದು ಒಳ್ಳೆಯದಾಯಿತು, ಏಕೆಂದರೆ ಅದಕ್ಕೆ ದೆಹಲಿಗೆ ಹೋಗಬೇಕಿಲ್ಲ. ಬಗರ್ ಹುಕುಂ ಸಮಿತಿ ಇರುವುದು ನಮ್ಮದೇ 1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 94ಎ ಪ್ರಕರಣದ ಅಡಿಯಲ್ಲಿ. ಅದನ್ನು ರಾಜ್ಯದ ಶಾಸಕಾಂಗವೇ ತಿದ್ದಬಹುದು. ಅಧ್ಯಕ್ಷ ಸ್ಥಾನದಲ್ಲಿ ಒಬ್ಬರು ಒಂದು ಅವಧಿಗಿಂತ ಹೆಚ್ಚು ಇರಬಾರದು ಎಂದು ಸೇರಿಸಬಹುದು, ಅಥವಾ ಶಾಸಕರ ಬದಲಿಗೆ ತಾಲ್ಲೂಕು ಪಂಚಾಯಿತಿಗೆ ಆ ಕೆಲಸ ಕೊಡಬಹುದು. ಎರಡನೆಯದಕ್ಕೆ ಮೊದಲು ತಾಲ್ಲೂಕು ಪಂಚಾಯಿತಿ ಎಂಬುದು ಇರಬೇಕು. 2021ರಲ್ಲಿ ಅವಧಿ ಮುಗಿದ ಮೇಲೆ ವರ್ಷಗಟ್ಟಲೆ ಅವಕ್ಕೆ ಚುನಾವಣೆಯನ್ನೇ ನಡೆಸಲಿಲ್ಲ ಎಂಬುದು ಈ ಚರ್ಚೆಯಲ್ಲಿ ಎಲ್ಲಕ್ಕಿಂತ ನನ್ನನ್ನು ನೋಯಿಸುವ ಸಂಗತಿ.

ಪಾಂಡವಪುರದ ಕಬ್ಬು ಬೆಳೆಗಾರ:
ವಕೀಲರು ಹೇಳಿದ ತಿದ್ದುಪಡಿಗೆ ನನ್ನ ಬೆಂಬಲವಿದೆ. ಅರ್ಜಿ ಹಾಕಿ ಕಾಯುತ್ತಿರುವವರು ಪ್ರತಿ ಊರಿನಲ್ಲೂ ಇದ್ದಾರೆ. ಸಮಿತಿಯ ಸಭೆ ಯಾವಾಗ ಸೇರಿತು, ಯಾರ ಅರ್ಜಿ ಏಕೆ ತಿರಸ್ಕೃತವಾಯಿತು ಎಂಬುದನ್ನು ಗ್ರಾಮ ಪಂಚಾಯಿತಿಯ ಗೋಡೆಯ ಮೇಲೆ ಅಂಟಿಸಬೇಕು ಎಂಬ ಒಂದು ಸಾಲನ್ನೂ ಅದರಲ್ಲಿ ಸೇರಿಸಿ.

ಸರಸ್ವತಿಪುರಂ ಮೇಷ್ಟ್ರು:
ಸೇರಿಸೋಣ. ಶಾಸಕ ಸ್ಥಾನಕ್ಕೂ ಮಿತಿ ಬೇಕೆಂಬ ನನ್ನ ನಿಲುವನ್ನು ನಾನು ಬಿಟ್ಟಿಲ್ಲ, ಆದರೆ ಅದು ಸಂಸತ್ತಿನ ದಾರಿ, ದೂರದ್ದು. 94ಎ ತಿದ್ದುಪಡಿಯ ಕರಡನ್ನು ವಕೀಲರು ಬರೆದುಕೊಟ್ಟರೆ, ಎರಡೂ ಜಿಲ್ಲೆಗಳ ಶಾಸಕರಿಗೆ, ಯಾವ ಪಕ್ಷ ಎಂದು ನೋಡದೆ, ಒಂದೇ ಪತ್ರವನ್ನು ಕಳಿಸಿ ಬೆಂಬಲಿಸುತ್ತೀರಾ ಇಲ್ಲವೇ ಎಂದು ಲಿಖಿತ ಉತ್ತರ ಕೇಳೋಣ.