ಕಬ್ರಸ್ತಾನದ ಪಕ್ಕದ ಹೊಲ: ಗೆಜೆಟ್‌ನಲ್ಲಿ ಒಂದು ಲೆಕ್ಕ, ಪಹಣಿಯಲ್ಲಿ ಇನ್ನೊಂದು

ಪ್ರಶ್ನೆ: ನಮಸ್ಕಾರ ಸರ್. ನಮ್ಮ ಹೊಲಕ್ಕೆ ಹೊಂದಿಕೊಂಡೇ ಕಬ್ರಸ್ತಾನದ ಸರ್ವೆ ನಂಬರ್ ಇದೆ. ವಕ್ಫ್ ಗೆಜೆಟ್‌ನಲ್ಲಿ ಅದು 2 ಎಕರೆ 10 ಗುಂಟೆ, ಪಹಣಿಯಲ್ಲಿ 1 ಎಕರೆ 38 ಗುಂಟೆ. ಉಳಿದ 12 ಗುಂಟೆ ನಿಮ್ಮ ಹೊಲದಲ್ಲಿದೆ ಎಂದು ಕಮಿಟಿಯವರು ಕಾಂಪೌಂಡಿಗೆ ಸುಣ್ಣದ ಗುರುತು ಹಾಕಿದ್ದಾರೆ. ಮೊದಲು ಎಲ್ಲಿಗೆ ಹೋಗಬೇಕು?

ಉತ್ತರ (ಭೂಮಾಪನ): ಮೊದಲು ಎರಡೂ ಸರ್ವೆ ನಂಬರುಗಳ ಆಕಾರಬಂದ್ (ವಿಸ್ತೀರ್ಣ, ಕಂದಾಯ ಬರೆದಿರುವ ದಾಖಲೆ), ಮೂಲ ಟಿಪ್ಪಣಿ (ಹಳೇ ಸರ್ವೆಯ ಅಳತೆ ಬರೆದ ನಕ್ಷೆ), ಗ್ರಾಮನಕ್ಷೆಗಳ ದೃಢೀಕೃತ ನಕಲು ತೆಗೆಸಿ. ಕಬ್ರಸ್ತಾನದ ಪಹಣಿಯ 3ನೇ ಕಾಲಂ ನೋಡಿ: ಅಲ್ಲಿ ಒಟ್ಟು ವಿಸ್ತೀರ್ಣ, ಖರಾಬು (ಸಾಗುವಳಿಗೆ ಬಾರದ ಜಾಗ), ಉಳಿದದ್ದು ಬೇರೆ ಬೇರೆ ಇರುತ್ತವೆ. ಗೆಜೆಟ್‌ನವರು ಒಟ್ಟು ವಿಸ್ತೀರ್ಣ ಬರೆದು, ನೀವು ಖರಾಬು ಕಳೆದ ಅಂಕಿ ಓದುತ್ತಿದ್ದರೆ ಆ 12 ಗುಂಟೆ ಅವರ ನಂಬರಿನೊಳಗೇ ಸಿಗುತ್ತದೆ, ನಿಮ್ಮ ಹೊಲದಲ್ಲಿ ಅಲ್ಲ. ಇಂಥ ತಕರಾರುಗಳಲ್ಲಿ ಎಷ್ಟೋ ಇಲ್ಲೇ ಬಗೆಹರಿಯುತ್ತವೆ.

ಬಗೆಹರಿಯದಿದ್ದರೆ ಹದ್ದುಬಸ್ತಿಗೆ, ಅಂದರೆ ಸರ್ಕಾರಿ ಸರ್ವೆಯರ್ ಗಡಿ ಅಳೆದು ಗುರುತಿಸುವುದಕ್ಕೆ, ಅರ್ಜಿ ಕೊಡಿ. ನೋಟಿಸು ಮುತವಲ್ಲಿಗೆ (ವಕ್ಫ್ ಆಸ್ತಿ ನೋಡಿಕೊಳ್ಳುವವರಿಗೆ) ಮಾತ್ರ ಹೋದರೆ ಸಾಲದು, ಜಿಲ್ಲಾ ವಕ್ಫ್ ಅಧಿಕಾರಿಗೂ ಹೋಗುವಂತೆ ಅರ್ಜಿಯಲ್ಲೇ ಅವರ ಹೆಸರು ಸೇರಿಸಿ. ಇಲ್ಲದಿದ್ದರೆ ನಾಳೆ ‘ನಮಗೆ ತಿಳಿಸದೆ ಅಳೆದರು’ ಎಂದು ಇಡೀ ಅಳತೆಯನ್ನೇ ಅಲ್ಲಗಳೆಯುತ್ತಾರೆ.

ಅಳತೆಯ ದಿನ ಸರ್ವೆಯರ್ ಎಲ್ಲಿಂದ ಶುರು ಮಾಡುತ್ತಾರೆ ಅನ್ನುವುದರ ಮೇಲೆ ಕಣ್ಣಿರಲಿ. ಬದು, ಬೇಲಿ, ಹಳೇ ಗೋಡೆ ಇವು ಆಧಾರ ಅಲ್ಲ, ಉಳುಮೆಯಲ್ಲಿ ಬದು ಸರಿಯುತ್ತಲೇ ಇರುತ್ತದೆ. ಸಿಕ್ಕ ಬಾಂದುಕಲ್ಲು ಅಥವಾ ಮೂರು ಗಡಿ ಸೇರುವ ಕಲ್ಲಿನಿಂದ ಹಿಡಿದು, ಇನ್ನೊಂದು ಕಲ್ಲಿಗೆ ತಾಳೆ ನೋಡಬೇಕು. ಹಳೇ ಟಿಪ್ಪಣಿಯ ಅಳತೆ ಸರಪಳಿ-ಆಣೆ ಲೆಕ್ಕದ್ದು: 1 ಸರಪಳಿ 33 ಅಡಿ, 16 ಆಣೆ. 5 ಸರಪಳಿ 8 ಆಣೆ ಅಂದರೆ 181.5 ಅಡಿ. ಅದನ್ನೇ 5.8 ಎಂದು ಓದಿದರೆ 191.4 ಅಡಿ ಆಗಿ, ಗಡಿ ಹೆಚ್ಚುಕಡಿಮೆ 10 ಅಡಿ ಆಚೆ ಹೋಗಿ ಕೂರುತ್ತದೆ! ಕಲ್ಲು ನೆಟ್ಟ ಮೇಲೆ ಪಂಚನಾಮೆಗೆ ಎರಡೂ ಕಡೆಯವರ ಸಹಿ ಆಗಲಿ. ಅಳತೆ ಒಪ್ಪದವರು ಎಡಿಎಲ್‌ಆರ್ (ಭೂದಾಖಲೆಗಳ ಸಹಾಯಕ ನಿರ್ದೇಶಕರು) ಮುಂದೆ ತಕರಾರು ಹಾಕಬಹುದು.

ಮರುಪ್ರಶ್ನೆ: ಮುತವಲ್ಲಿಯವರು ಒಳ್ಳೆಯವರು ಸರ್. ವಕ್ರವಾಗಿರೋ ಬದು ನೇರ ಮಾಡೋಣ, ನೀವು ಆ ಕಡೆ 3 ಗುಂಟೆ ಬಿಡಿ, ನಾವು ಈ ಕಡೆ 3 ಗುಂಟೆ ಬಿಡ್ತೀವಿ ಅಂತಾರೆ. ಬಾಂಡ್ ಪೇಪರ್ ಮೇಲೆ ಬರೆಸಿಕೊಳ್ಳಬಹುದೇ?

ಉತ್ತರ (ವಕೀಲರು): ಬೇಡ. ವಕ್ಫ್ ಜಮೀನಿನ ಮಾರಾಟ, ದಾನ, ಅದಲುಬದಲು, ಅಡಮಾನ ಎಲ್ಲವೂ 1995ರ ವಕ್ಫ್ ಕಾಯ್ದೆಯ 51ನೇ ಕಲಮಿನಡಿ ಅಸಿಂಧು. ಮುತವಲ್ಲಿ ನೋಡಿಕೊಳ್ಳುವವರಷ್ಟೇ, ಮಾಲೀಕರಲ್ಲ. ಹಕ್ಕಿನ ದಾವೆಯಲ್ಲಿ ರಾಜಿಯಾಗಬೇಕಾದರೂ 93ನೇ ಕಲಮಿನಂತೆ ವಕ್ಫ್ ಮಂಡಳಿಯ ಮಂಜೂರಾತಿ ಬೇಕು. ಇರುವ ಗಡಿ ಎಲ್ಲಿದೆ ಎಂದು ಇಬ್ಬರೂ ಒಪ್ಪಿ ಪಂಚನಾಮೆಗೆ ಸಹಿ ಹಾಕುವುದು ಬೇರೆ. ಅದರಲ್ಲಿ ಜಮೀನು ಕೈ ಬದಲಾಗುವುದಿಲ್ಲ.

ಅಳತೆ ಆದ ಮೇಲೂ ‘ಕಲ್ಲಿನ ಈಚೆಗಿನ 12 ಗುಂಟೆಯೂ ವಕ್ಫ್’ ಎಂದರೆ ಅದು ಗಡಿ ತಕರಾರಲ್ಲ, ಹಕ್ಕಿನ ತಕರಾರು. ಅದನ್ನು ತೀರ್ಮಾನಿಸುವುದು ಸರ್ವೆಯರ್ ಕೈಯಲ್ಲಿಲ್ಲ. ವಕ್ಫ್ ತಕರಾರು ಸಿವಿಲ್ ಕೋರ್ಟಿಗೆ ಹೋಗದಂತೆ ತಡೆಯುವ 85ನೇ ಕಲಂ ಇರುವುದರಿಂದ ಸಿವಿಲ್ ಕೋರ್ಟಿನಲ್ಲಿ ವರ್ಷ ಕಳೆಯಬೇಡಿ, 83ರಡಿ ನೇರ ವಕ್ಫ್ ನ್ಯಾಯಮಂಡಳಿಗೆ ಹೋಗಿ, ಕಾಂಪೌಂಡ್ ತಡೆಗೆ ಮಧ್ಯಂತರ ಆದೇಶ ಅಲ್ಲೇ ಕೇಳಿ. 2025ರ ತಿದ್ದುಪಡಿಯ ನಂತರ ಅಲ್ಲಿನ ಆದೇಶದ ಮೇಲೆ 90 ದಿನದೊಳಗೆ ಹೈಕೋರ್ಟಿಗೆ ಮೇಲ್ಮನವಿ ಹೋಗಬಹುದು.

ಪಹಣಿಯ 11ನೇ ಕಾಲಮಿನಲ್ಲಿ ನಿಮ್ಮ ನಂಬರಿಗೂ ‘ವಕ್ಫ್’ ಎಂದು ಸೇರಿಸಿದ್ದರೆ, ಭೂಕಂದಾಯ ಕಾಯ್ದೆ 136(2)ರಡಿ ಉಪವಿಭಾಗಾಧಿಕಾರಿಗೆ ಬೇರೆಯೇ ಮೇಲ್ಮನವಿ ಹಾಕಬೇಕು. ಇನಾಂ ಅಥವಾ ಗೇಣಿ ಜಮೀನಾಗಿದ್ದು ಭೂನ್ಯಾಯ ಮಂಡಳಿಯ ಆದೇಶ, ಫಾರಂ 10 (ಅಧಿಭೋಗದ ಹಕ್ಕಿನ ಪ್ರಮಾಣಪತ್ರ) ಇದ್ದರೆ ಅವೇ ನಿಮ್ಮ ಗಟ್ಟಿ ಕಾಗದ.

ಗೆಜೆಟ್ ಪ್ರತಿ ತರಿಸುವಾಗ ಅದರ ನಂತರದ ತಿದ್ದುಪಡಿ ಅಧಿಸೂಚನೆಗಳನ್ನೂ ಕೇಳಿ. ವಿಜಯಪುರ ಜಿಲ್ಲೆಯ ಹೊನವಾಡದ ಜಮೀನು ವಕ್ಫ್‌ನದ್ದೆಂಬ ಗೊಂದಲ ನೆನಪಿರಬಹುದು: 1974ರ ಗೆಜೆಟ್‌ನಲ್ಲಿ ಮಹಾಲಬಾಗಾಯತ ಎಂಬ ಜಾಗದ ಹೆಸರಿನ ಜೊತೆ ಕಂಸದಲ್ಲಿ ಹೊನವಾಡದ ಹೆಸರು ತಪ್ಪಾಗಿ ಅಚ್ಚಾಗಿತ್ತು, 1977ರಲ್ಲಿ ತಿದ್ದಿದರು. ಆದರೂ 2024ರಲ್ಲಿ ರೈತರು ಬೀದಿಗಿಳಿಯಬೇಕಾಯಿತು. ಊರಿನ ಹೆಸರು, ಸರ್ವೆ ನಂಬರ್, ಚಕ್ಕುಬಂದಿ (ನಾಲ್ಕೂ ದಿಕ್ಕಿನ ಗಡಿ) ಮೂರನ್ನೂ ಒಂದೊಂದಾಗಿ ತಾಳೆ ಹಾಕಿ, ಆಮೇಲೆ ವಕೀಲರ ಹತ್ತಿರ ಹೋಗಿ.