ಟಿಕೆಟ್ ದರ ಗೊತ್ತು, ಒಟ್ಟು ಹಣ ಗೊತ್ತು, ಆದ್ರೂ ಸಮೀಕರಣ ತಪ್ಪುತ್ತೆ. ಎಲ್ಲಿ ಎಡವಟ್ಟು?

ಪ್ರಶ್ನೆ (ಎಸ್ಸೆಸ್ಸೆಲ್ಸಿ_ಪೋಷಕಿ)

ಸಮೀಕರಣ ಬರೆದು ಕೊಟ್ಟರೆ ಮಗಳು ಸಲೀಸಾಗಿ ಬಿಡಿಸ್ತಾಳೆ. ವಾಕ್ಯದಲ್ಲಿ ಕೊಟ್ಟರೆ ಮುಗ್ಗರಿಸ್ತಾಳೆ. ಈ ಲೆಕ್ಕ ನೋಡಿ: ನಾಟಕಕ್ಕೆ ದೊಡ್ಡವರ ಟಿಕೆಟ್ 60 ರೂ., ಮಕ್ಕಳದ್ದು 35 ರೂ. ಒಟ್ಟು 40 ಟಿಕೆಟ್ ಮಾರಿ 1,825 ರೂ. ಬಂತು. ಯಾವುದು ಎಷ್ಟು ಮಾರಾಟವಾಯಿತು?

ಅವಳು ಬರೆದದ್ದು: ಎಕ್ಸ್ + ವೈ = 1825, 60ಎಕ್ಸ್ + 35ವೈ = 40. ಎಕ್ಸ್ ಬೆಲೆ ಮೈನಸ್ 2553.4 ಬಂತು. ಬಿಡಿಸಿದ ಹಂತಗಳಲ್ಲಿ ತಪ್ಪೇನೂ ಕಾಣಲಿಲ್ಲ.

ಉತ್ತರ 1 (ಸೀಮೆಸುಣ್ಣ)

ಹಂತಗಳು ಸರಿಯಾಗೇ ಇವೆ, ಬಲಗಡೆಯ ಎರಡು ಸಂಖ್ಯೆಗಳು ಅದಲುಬದಲಾಗಿವೆ. "ಎಕ್ಸ್ ಅಂದ್ರೆ ದೊಡ್ಡವರು" ಅಂತ ಅರ್ಧಂಬರ್ಧ ಬರೆದುಕೊಂಡರೆ ಹೀಗಾಗುತ್ತೆ. ದೊಡ್ಡವರ ಟಿಕೆಟ್ಟಿನ ಸಂಖ್ಯೆಯೋ, ದರವೋ, ಅದರಿಂದ ಬಂದ ಹಣವೋ? "ಎಕ್ಸ್ = ಮಾರಾಟವಾದ ದೊಡ್ಡವರ ಟಿಕೆಟ್‌ಗಳ ಸಂಖ್ಯೆ" ಅಂತ ಪೂರ್ತಿ ಬರೆಸಿ. ಶುರುವಿನಲ್ಲಿ ಎಕ್ಸ್, ವೈ ಬದಲು ದ, ಮ ಅಂತ ಇಟ್ಟುಕೊಂಡರೂ ನಡೆಯುತ್ತೆ.

ಆಮೇಲೆ ಪ್ರತಿ ಪದದ ಏಕಮಾನ ಕೇಳಿ. ದ + ಮ ಅನ್ನೋದು ಟಿಕೆಟ್ ಪ್ಲಸ್ ಟಿಕೆಟ್, ಹಾಗಾಗಿ ಬಲಗಡೆಯೂ ಟಿಕೆಟ್ಟೇ ಇರಬೇಕು: 40. 60ದ ಅಂದ್ರೆ ದರ ಗುಣಿಸು ಸಂಖ್ಯೆ, ಅದು ರೂಪಾಯಿ. ಹಾಗಾಗಿ ಬಲಗಡೆ 1825.

ದ + ಮ = 40
60ದ + 35ಮ = 1825

ಮ = 40 − ದ ಅಂತ ಆದೇಶಿಸಿದರೆ (ಎರಡನೇ ಸಮೀಕರಣದಲ್ಲಿ ಮ ಇದ್ದ ಕಡೆ ಇದನ್ನು ಇಟ್ಟರೆ) 60ದ + 1400 − 35ದ = 1825. ಅಂದರೆ 25ದ = 425, ದ = 17, ಮ = 23. ಇಲ್ಲಿ 35(40 − ದ) ಬಿಡಿಸುವಾಗ ಕಂಸದೊಳಗಿನ ಎರಡನ್ನೂ 35ರಿಂದ ಗುಣಿಸಬೇಕು. ಬಹಳ ಮಕ್ಕಳು 1400 − ದ ಅಂತ ಬರೆದುಬಿಡ್ತಾರೆ. ಆಗ 59ದ = 425 ಬಂದು ಉತ್ತರ ಭಿನ್ನರಾಶಿಯಾಗುತ್ತೆ. ಟಿಕೆಟ್ ಸಂಖ್ಯೆ ಭಿನ್ನರಾಶಿ ಅಥವಾ ಋಣ ಬಂತು ಅಂದ್ರೆ ಮುಂದೆ ಹೋಗದೆ ಹಿಂದೆ ನೋಡಬೇಕು.

ತಾಳೆ: 17 × 60 = 1020, 23 × 35 = 805, ಕೂಡಿದರೆ 1825.

ಉತ್ತರ 2 (ಬಾಯಿಲೆಕ್ಕ)

ಸಮೀಕರಣವಿಲ್ಲದೆ ಇದನ್ನೇ ಹೀಗೂ ತಾಳೆ ನೋಡಬಹುದು. 40ಕ್ಕೆ 40ನ್ನೂ ಮಕ್ಕಳ ಟಿಕೆಟ್ ಅಂದುಕೊಳ್ಳಿ: 1,400 ರೂ. ನಿಜವಾಗಿ ಬಂದದ್ದು 425 ಹೆಚ್ಚು. ಒಂದು ಮಕ್ಕಳ ಟಿಕೆಟ್ ತೆಗೆದು ದೊಡ್ಡವರದ್ದು ಇಟ್ಟರೆ 25 ರೂ. ಏರುತ್ತೆ. 425 ÷ 25 = 17. ಮೇಲಿನ 25ದ = 425 ಎಲ್ಲಿಂದ ಬಂತು ಅನ್ನೋದು ಇದರಲ್ಲಿ ಕಣ್ಣಿಗೆ ಕಾಣುತ್ತೆ.

ಉತ್ತರ 3 (ಹಳೆಗಣಿತ)

ಸಂಖ್ಯೆ ಕೊಟ್ಟು ದರ ಕೇಳುವ ಲೆಕ್ಕಗಳೂ ಬರ್ತವೆ, ಅಲ್ಲಿ ಅವ್ಯಕ್ತ, ಅಂದ್ರೆ ಕಂಡುಹಿಡಿಯಬೇಕಾದದ್ದು, ದರ. 9ನೇ ಶತಮಾನದಲ್ಲಿ, ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಮಹಾವೀರಾಚಾರ್ಯ ಗಣಿತಸಾರಸಂಗ್ರಹದಲ್ಲಿ ಕೊಟ್ಟ ಲೆಕ್ಕ ಇಂಥದ್ದೇ: 9 ಮಾದಲ ಹಣ್ಣು, 7 ಬೇಲದ ಹಣ್ಣಿಗೆ ಒಟ್ಟು 107. 7 ಮಾದಲ, 9 ಬೇಲಕ್ಕೆ 101. ಒಂದೊಂದರ ಬೆಲೆ ಎಷ್ಟು?

ಸಹಗುಣಕಗಳು 9, 7 ಆಮೇಲೆ 7, 9 ಅಂತ ತಿರುವುಮುರುವಾಗಿವೆ. ಇಂಥದ್ದಕ್ಕೆ ವರ್ಜಿಸುವ ವಿಧಾನದಲ್ಲಿ, ಅಂದ್ರೆ ಒಂದು ಅವ್ಯಕ್ತವನ್ನು ತೆಗೆದುಹಾಕಲು ಅದರ ಸಹಗುಣಕವನ್ನು ಎರಡೂ ಸಾಲಲ್ಲಿ 63 ಮಾಡಿಕೊಂಡು, ಗುದ್ದಾಡೋದು ದಂಡ. ಎರಡನ್ನೂ ಕೂಡಿ: 16 ಮಾದಲ + 16 ಬೇಲ = 208, ಒಂದೊಂದು ಸೇರಿ 13. ಒಂದರಿಂದ ಇನ್ನೊಂದು ಕಳೆಯಿರಿ: 2 ಮಾದಲ − 2 ಬೇಲ = 6, ವ್ಯತ್ಯಾಸ 3. ಮಾದಲ 8, ಬೇಲ 5. ಕಳೆಯುವಾಗ 7 − 9 ಅನ್ನು +2 ಅಂತ ಬರೆಯೋದೇ ಇಲ್ಲಿನ ಮಾಮೂಲಿ ತಪ್ಪು. ಕೆಳಗಿನ ಸಾಲಿನ ಎಲ್ಲ ಚಿಹ್ನೆಗಳನ್ನೂ ಬದಲಾಯಿಸಿ ಬರೆದು ಆಮೇಲೆ ಕೂಡಿಸಿದರೆ ಈ ತಪ್ಪು ಆಗಲ್ಲ.

ಪೋಷಕಿ: ಧನ್ಯವಾದ. ಒಟ್ಟು ಸಂಖ್ಯೆ ಕೊಡದೇ ಬರೀ ಒಟ್ಟು ಹಣ ಕೊಟ್ಟರೆ?

ಉತ್ತರ 4 (ಸೀಮೆಸುಣ್ಣ)

ಒಂದೇ ಸಮೀಕರಣ ಸಾಮಾನ್ಯವಾಗಿ ಸಾಲದು. ಆದರೆ ಪೂರ್ಣಸಂಖ್ಯೆ ಅನ್ನೋ ಷರತ್ತು ಕೆಲವೊಮ್ಮೆ ಎರಡನೇ ಸಮೀಕರಣದ ಕೆಲಸ ಮಾಡುತ್ತೆ. 7 ರೂ. ಪೆನ್ಸಿಲ್, 12 ರೂ. ಪೆನ್ನು, ಒಟ್ಟು 100 ರೂ. ಅಂದರೆ 100ರಿಂದ ಹನ್ನೆರಡು ಹನ್ನೆರಡು ಕಳೆಯುತ್ತಾ ಹೋಗಿ: 88, 76, 64, 52, 40, 28, 16, 4. ಏಳರಿಂದ ಭಾಗವಾಗೋದು 28 ಮಾತ್ರ. ಆರು ಸಲ ಕಳೆದಿದ್ದೀರಿ, ಹಾಗಾಗಿ 6 ಪೆನ್ನು, 4 ಪೆನ್ಸಿಲ್.

ಎರಡು ವಾಕ್ಯ ಇದ್ದ ಮಾತ್ರಕ್ಕೆ ಎರಡು ಮಾಹಿತಿ ಇದೆ ಅಂತಲೂ ಅಲ್ಲ. 3 ಕೆಜಿ ಟೊಮೆಟೊ, 2 ಕೆಜಿ ಈರುಳ್ಳಿಗೆ 130 ರೂ.; 6 ಕೆಜಿ, 4 ಕೆಜಿಗೆ 260 ರೂ. ಎರಡನೆಯದು ಮೊದಲನೆಯದರ ದುಪ್ಪಟ್ಟು ಅಷ್ಟೇ. ಬಿಡಿಸಲು ಹೋದರೆ 0 = 0 ಬರುತ್ತೆ, ದರ ಮಾತ್ರ ಸಿಗಲ್ಲ. 260 ಬದಲು 250 ಕೊಟ್ಟಿದ್ದರೆ 0 = 10 ಬಂದು ಪರಿಹಾರವೇ ಇಲ್ಲ ಅಂತಾಗುತ್ತೆ. ಸಂತೆಯಲ್ಲಿ ಹತ್ತು ರೂಪಾಯಿ ಬಿಟ್ಟುಕೊಡ್ತಾರೆ, ಸಮೀಕರಣ ಬಿಡಲ್ಲ.