ಪಾಲಿಕೆ ಶಾಲೆಯ ಹುಡುಗಿ, ಚೆನ್ನಾಗಿ ಓಡುತ್ತಾಳೆ, ಮೈದಾನ ಇಲ್ಲ. ಏನು ಮಾಡಲಿ?

ಕುರ್ಲಾದ ಅಪ್ಪ

ಎಲ್ಲರಿಗೂ ನಮಸ್ಕಾರ. ನಾನು ಕುಂದಾಪುರ ಕಡೆಯವನು, ಮುಂಬೈಯ ಕುರ್ಲಾದಲ್ಲಿ ಹೋಟೆಲ್ ಕೆಲಸ. ಮಗಳು 7ನೇ ಕ್ಲಾಸ್ ತನಕ ಪಾಲಿಕೆಯ ಕನ್ನಡ ಶಾಲೆಯಲ್ಲಿದ್ದಳು, ಈಗ ಪಾಲಿಕೆಯದ್ದೇ ಹೈಸ್ಕೂಲಿನಲ್ಲಿ 9ನೇ ಕ್ಲಾಸ್, ಮರಾಠಿ ಮಾಧ್ಯಮ. ವಯಸ್ಸು 14 ದಾಟಿದೆ.

ಓಟದಲ್ಲಿ ಅವಳ ಕ್ಲಾಸಿನ ಹುಡುಗರೂ ಅವಳನ್ನು ಹಿಡಿಯೋದಿಲ್ಲ. ಆದರೆ ಶಾಲೆಗೆ ಮೈದಾನ ಅಂತ ಇಲ್ಲ. ಎರಡು ಕಟ್ಟಡದ ನಡುವೆ ಸಿಮೆಂಟಿನ ಅಂಗಳ, ಬೆಳಗ್ಗೆ ಪ್ರಾರ್ಥನೆ ಅಲ್ಲೇ, ಮಧ್ಯಾಹ್ನ ಊಟ ಅಲ್ಲೇ, ಸಂಜೆ ಹುಡುಗರ ಕಬಡ್ಡಿಯೂ ಅಲ್ಲೇ. ಇವಳು ಈ ಗೋಡೆಯಿಂದ ಆ ಗೋಡೆಗೆ ಓಡಿ, ಗೋಡೆ ಮುಟ್ಟಿ ತಿರುಗಿ ಬರುತ್ತಾಳೆ. ಹಾಗೆ ಮುಟ್ಟಿ ಮುಟ್ಟಿ ಬಲ ಅಂಗೈ ತರಚಿದೆ. ಎಡಗಾಲಿನ ಕ್ಯಾನ್ವಾಸ್ ಶೂ ಹೆಬ್ಬೆರಳ ಹತ್ತಿರ ತೂತಾಗಿದೆ. ಈಗ ಸಂಜೆಯಾದರೆ ಮೊಣಕಾಲ ಕೆಳಗೆ, ಮುಂದಿನ ಮೂಳೆ ನೋವು ಅನ್ನುತ್ತಾಳೆ.

ಪಿಟಿ ಸರ್ ಒಳ್ಳೆಯವರು, ಆದರೆ ಅವರು ಎರಡು ಶಾಲೆ ನೋಡಬೇಕು. ಒಂದು ಭಾನುವಾರ ಅವರೇ ರಸ್ತೆಯಲ್ಲಿ 200 ಮೀಟರ್ ಓಡಿಸಿ ಮೊಬೈಲಿನಲ್ಲಿ ಟೈಮ್ ನೋಡಿದರು, 28.4 ಸೆಕೆಂಡ್ ಬಂತು. ಹೋದ ವರ್ಷ ಜಿಲ್ಲಾ ಸ್ಪರ್ಧೆಗೆ ಕಳಿಸುತ್ತೇವೆ ಅಂದಿದ್ದರು, ಶಾಲೆಯಿಂದ ಎಂಟ್ರಿ ಹೋಗಲೇ ಇಲ್ಲ. ಅವತ್ತು ರಾತ್ರಿ ಮಗು ಊಟ ಮಾಡಲಿಲ್ಲ. ಸಾಲ ಮಾಡಿ ಮೈದಾನ ಇರುವ ಖಾಸಗಿ ಶಾಲೆಗೆ ಹಾಕಲಾ? ಸ್ಪೈಕ್ಸ್, ಅಂದರೆ ಅಡಿಯಲ್ಲಿ ಮೊಳೆ ಇರುವ ಓಟದ ಶೂ, ತೆಗೆಸಿಕೊಡಲಾ? ಗೊತ್ತಿದ್ದವರು ಹೇಳಿ.

ಹಳೇ ಓಟಗಾರ, ಡೊಂಬಿವಲಿ

ಅಣ್ಣಾ, ಮೊದಲು ಆ ಸಿಮೆಂಟ್ ಮೇಲೆ ಓಡೋದು ನಿಲ್ಲಿಸಿ. ಇವತ್ತೇ. ನೀವು ಹೇಳಿದ ಜಾಗದ ನೋವು ಗಟ್ಟಿ ನೆಲದಿಂದ ಬರುವಂಥದ್ದು, ಸುಮ್ನೆ ಬಿಟ್ಟರೆ ಮೂಳೆಯಲ್ಲಿ ಸಣ್ಣ ಬಿರುಕು ಬಿಡಬಹುದು, ಆಮೇಲೆ ತಿಂಗಳುಗಟ್ಟಲೆ ಕೂರಬೇಕಾಗುತ್ತದೆ. ಒಂದು ಸಲ ಮೂಳೆ ಡಾಕ್ಟರಿಗೆ ತೋರಿಸಿ. ನೋವು ಪೂರ್ತಿ ಹೋದ ಮೇಲೆ ಹತ್ತಿರದ ಮಣ್ಣಿನ ಮೈದಾನಕ್ಕೆ ಬೆಳಗ್ಗೆ ಬೇಗ ಕರೆದುಕೊಂಡು ಹೋಗಿ, ಕ್ರಿಕೆಟ್ ಹುಡುಗರು ಬರುವ ಮೊದಲು. ವಾರಕ್ಕೆ ನಾಲ್ಕು ದಿನ ಸಾಕು. ಮಳೆಗಾಲದಲ್ಲಿ ಮೈದಾನ ಕೆಸರು, ಆಗ ಕಟ್ಟಡದ ಮೆಟ್ಟಿಲು ಹತ್ತಿಸಿ. ಹತ್ತುವಾಗ ಓಡಲಿ, ಇಳಿಯುವಾಗ ನಡೆಯಲಿ.

ನಾನೂ ಇಂಥದ್ದೇ ಶಾಲೆಯಿಂದ ಬಂದವನು, 400 ಮೀಟರ್ ಓಡುತ್ತಿದ್ದೆ. ಅದರಿಂದಲೇ ರೈಲ್ವೆ ಕೆಲಸ ಸಿಕ್ಕಿತು. ಹಾಗಾಗಿ ಟೈಮಿನ ವಿಷಯ ನೇರವಾಗಿ ಹೇಳುತ್ತೇನೆ, ಬೇಜಾರು ಮಾಡ್ಕೋಬೇಡಿ. ರಸ್ತೆಯಲ್ಲಿ ತಿರುವು ಇರಲಿಲ್ಲ ಅಲ್ವಾ? ಟ್ರ್ಯಾಕಿನಲ್ಲಿ 200 ಮೀಟರ್ ಶುರುವಾಗೋದೇ ತಿರುವಿನಲ್ಲಿ. ಕೈಯಲ್ಲಿ ಹಿಡಿದ ಟೈಮನ್ನು ಎಲೆಕ್ಟ್ರಾನಿಕ್ ಟೈಮಿಗೆ ಹೋಲಿಸಬೇಕಾದರೆ 200 ಮೀಟರಿಗೆ 0.24 ಸೆಕೆಂಡ್ ಸೇರಿಸುತ್ತಾರೆ. ದೂರ ನಿಂತು ಶಿಳ್ಳೆ ಕೇಳಿ ಬಟನ್ ಒತ್ತಿದರೆ ಇನ್ನೂ ತಪ್ಪು, ಅದಕ್ಕೇ ಸ್ಪರ್ಧೆಯಲ್ಲಿ ಓಟ ಶುರುಮಾಡುವ ಪಿಸ್ತೂಲಿನ ಸದ್ದಿಗೆ ಕಾಯದೆ ಹೊಗೆ ಕಂಡ ಕೂಡಲೇ ಒತ್ತುತ್ತಾರೆ. ಆದರೂ ತರಬೇತಿಯೇ ಇಲ್ಲದ ಹುಡುಗಿಗೆ ಇದರ ಹತ್ತಿರದ ಟೈಮ್ ಬಂದರೂ ಒಳ್ಳೆಯದೇ.

ಸ್ಪೈಕ್ಸ್ ಈಗ ಬೇಡ, ಒಂದು ಒಳ್ಳೆಯ ರನ್ನಿಂಗ್ ಶೂ ಕೊಡಿಸಿ. ಸಿಂಥೆಟಿಕ್ ಟ್ರ್ಯಾಕ್ ಪ್ರಿಯದರ್ಶಿನಿ ಪಾರ್ಕಿನಲ್ಲಿದೆ, ಕಾಂದಿವಲಿಯ ಕೇಂದ್ರ ಸರ್ಕಾರದ ಕ್ರೀಡಾ ಕೇಂದ್ರ ಸಾಯ್‌ನಲ್ಲೂ ಇದೆ. ಕುರ್ಲಾದಿಂದ ಎರಡೂ ದೂರ, ದಿನಾ ಆಗುವ ಮಾತಲ್ಲ. ಸ್ಪರ್ಧೆ ಹತ್ತಿರ ಬಂದಾಗ ಫೋನ್ ಮಾಡಿ ಕೇಳಿಕೊಂಡು ಎರಡು ಮೂರು ಸಲ ಹೋಗಿ ಬನ್ನಿ. ಆಗ ಸ್ಪೈಕ್ಸ್ ನೋಡೋಣ, ಸಿಂಥೆಟಿಕ್‌ಗೆ ಮೊಳೆ ಗಿಡ್ಡ ಇರಬೇಕು.

ನಿವೃತ್ತ ಟೀಚರ್, ಥಾಣೆ

ಶಾಲೆ ಬದಲಿಸಬೇಡಿ. ಈ ಊರಲ್ಲಿ ಶಾಲೆ ಆಟ ಅಂದರೆ ಎಲ್ಲರಿಗೂ ನೆನಪಾಗೋದು 1988ರ ಹ್ಯಾರಿಸ್ ಶೀಲ್ಡ್ ಶಾಲಾ ಕ್ರಿಕೆಟ್, ಆಜಾದ್ ಮೈದಾನದಲ್ಲಿ ಸಚಿನ್, ಕಾಂಬ್ಳಿ ಔಟಾಗದೆ ಹೊಡೆದ 664 ರನ್. ಖಾಸಗಿ ಶಾಲೆಗೆ ಮೈದಾನ ಇದ್ದರೂ ಎಷ್ಟೋ ಕಡೆ ಅದು ಕ್ರಿಕೆಟ್‌ಗೆ, ಫುಟ್‌ಬಾಲ್‌ಗೆ ಹೋಗುತ್ತದೆ. 200 ಮೀಟರ್ ಓಡುವ ಹೆಣ್ಣುಮಗಳಿಗೆ ಅಲ್ಲಿ ಜಾಗ ಸಿಗುತ್ತದೆ ಅಂತ ನಂಬಿ ಸಾಲ ಮಾಡಬೇಡಿ.

ನಿಮಗೆ ಪೆಟ್ಟು ಬಿದ್ದಿದ್ದು ಎಂಟ್ರಿಯಲ್ಲಿ. ಜಿಲ್ಲೆ, ವಿಭಾಗ, ರಾಜ್ಯ, ಹೀಗೆ ಮೆಟ್ಟಿಲು. ಮೊದಲ ಮೆಟ್ಟಿಲಿಗೆ ಹೆಸರು ಶಾಲೆಯಿಂದಲೇ ಹೋಗಬೇಕು, ನೀವು ನೇರವಾಗಿ ಕೊಡೋ ಹಾಗಿಲ್ಲ. ಕುರ್ಲಾ ಉಪನಗರ ಜಿಲ್ಲೆಗೆ ಸೇರುತ್ತದೆ, ಅದಕ್ಕೆ ಬೇರೆಯೇ ಜಿಲ್ಲಾ ಕ್ರೀಡಾ ಅಧಿಕಾರಿ ಕಚೇರಿ ಇದೆ. ಅಲ್ಲಿ ಕೊನೆ ತಾರೀಕು ಕೇಳಿಕೊಳ್ಳಿ. ಜನನ ಪ್ರಮಾಣಪತ್ರ, ಆಧಾರ್, ಫೋಟೋ ಒಂದು ಕವರಿನಲ್ಲಿ ಹಾಕಿ ಮುಖ್ಯಾಧ್ಯಾಪಕರ ಕೈಗೇ ಕೊಡಿ. ಶಾಲೆ ದಾಖಲೆಯಲ್ಲಿರೋ ಹೆಸರು, ಹುಟ್ಟಿದ ದಿನ ಆಧಾರ್‌ಗೆ ಹೊಂದುತ್ತದಾ ನೋಡಿ. ನಮ್ಮ ಮಕ್ಕಳಿಗೆ ಅಪ್ಪನ ಹೆಸರು, ಊರಿನ ಹೆಸರು, ಮನೆತನ ಎಲ್ಲ ಒಂದೊಂದು ಕಡೆ ಒಂದೊಂದು ತರ ಇರುತ್ತದೆ. ಒಬ್ಬ ಹುಡುಗಿಯನ್ನು ಇದೇ ಕಾರಣಕ್ಕೆ ಸ್ಪರ್ಧೆಯ ದಿನ ವಾಪಸ್ ಕಳಿಸಿದ್ದನ್ನು ಕಣ್ಣಾರೆ ನೋಡಿದ್ದೇನೆ, ನಂಬರ್ ಚೀಟಿ ಎದೆಗೆ ಪಿನ್ ಮಾಡಿ ಆಗಿತ್ತು.

ಇನ್ನೊಂದು. ಗುಂಪು 14, 17, 19 ವರ್ಷದ ಒಳಗೆ ಅಂತ ಮೂರು. ನಿಮ್ಮ ಮಗಳು ಈಗ 17ರ ಗುಂಪಿಗೆ ಬರುತ್ತಾಳೆ, ತನಗಿಂತ ಎರಡು ವರ್ಷ ದೊಡ್ಡವರ ಜೊತೆ ಓಡಬೇಕು. ಈ ಸಲ ಐದನೆಯವಳಾಗಿ ಬಂದರೂ ನಿಲ್ಲಿಸಬೇಡಿ. ಸರ್ಟಿಫಿಕೇಟ್ ಎಲ್ಲ ಜೋಪಾನ. 10ನೇ ಪರೀಕ್ಷೆಗೆ ಕ್ರೀಡೆಯ ಗ್ರೇಸ್ ಮಾರ್ಕ್ ಇದೆ, ಅದೂ ಶಾಲೆಯ ಮೂಲಕವೇ ಹೋಗಬೇಕು. ಮುಂದೆ ರಾಜ್ಯ ಸರ್ಕಾರದ ಕೆಲಸದಲ್ಲಿ ಆಟಗಾರರಿಗೆ ಶೇಕಡಾ 5 ಮೀಸಲು ಇದೆ.

ಘಾಟ್‌ಕೋಪರ್ ಅಕ್ಕ

ಟೀಚರ್ ಹೇಳಿದ್ದು ಸರಿ. ನನ್ನ ಮಗಳೂ ಓಡುತ್ತಾಳೆ. ಖಾಲಿ ಹೊಟ್ಟೆಯಲ್ಲಿ ಕಳಿಸಬೇಡಿ, ಒಂದು ಬಾಳೆಹಣ್ಣು ತಿನ್ನಲಿ. ಬಂದ ಮೇಲೆ ಮೊಟ್ಟೆ, ನೆನೆಸಿದ ಕಡಲೆ. ಮುಟ್ಟಿನ ದಿನ ಸುಸ್ತು ಅಂದರೆ ಬೈಯಬೇಡಿ. ಒಂದು ಸಲ ಹಿಮೋಗ್ಲೋಬಿನ್ ಪರೀಕ್ಷೆ ಮಾಡಿಸಿ, ನಮ್ಮವಳಿಗೆ ಕಡಿಮೆ ಇತ್ತು, ನಾವು ಸೋಮಾರಿತನ ಅಂದುಕೊಂಡಿದ್ದೆವು. ಮತ್ತೆ ರಿಯೋ ಒಲಿಂಪಿಕ್ಸ್‌ನಲ್ಲಿ 2016ರಲ್ಲಿ ಅಡೆತಡೆ ಹಾರಿ ಓಡುವ ಸ್ಟೀಪಲ್‌ಚೇಸ್ ಫೈನಲ್ ಓಡಿದ ಲಲಿತಾ ಬಾಬರ್ ಸಾತಾರಾದ ಬರದ ಸೀಮೆಯ ಹಳ್ಳಿಯವರು ಅಂತ ಮಗಳಿಗೆ ಹೇಳಿ.

ಕುರ್ಲಾದ ಅಪ್ಪ

ತುಂಬಾ ಉಪಕಾರ ಆಯಿತು. ಈಗಷ್ಟೇ ಆಧಾರ್ ತೆಗೆದು ನೋಡಿದೆ, ಅದರಲ್ಲಿ ಹುಟ್ಟಿದ ತಿಂಗಳೇ ಬೇರೆ ಇದೆ. ನಾಳೆ ಹೋಟೆಲಿಗೆ ಅರ್ಧ ದಿನ ರಜೆ ಹಾಕಿ ಮೊದಲು ಅದನ್ನು ಸರಿ ಮಾಡಿಸುತ್ತೇನೆ, ಅಲ್ಲಿಂದ ಡಾಕ್ಟರ್ ಹತ್ತಿರ. ಡೊಂಬಿವಲಿ ಅಣ್ಣಾ, ನೋವು ಹೋದ ಮೇಲೆ ಒಂದು ಭಾನುವಾರ ಬಂದು ಅವಳ ಓಟ ನೋಡುತ್ತೀರಾ?